ಮಣ್ಣಿಗೆ ಕೊಟ್ಟ ಪಟ

ಬ್ರಹ್ಮಾವರದ ನಮ್ಮ ಮನೆಯ ಗೋಡೆಯಲ್ಲಿ, ಕ್ಯಾಲೆಂಡರಿನ ಪಕ್ಕ, ಕಟ್ಟು ಹಾಕಿಸಿದ ಒಂದು ಕಾಗದ ಇದೆ. ಬಂದವರೆಲ್ಲ ಮೊದಲು ಅದನ್ನು ನೋಡುತ್ತಾರೆ, ಆಮೇಲೆ ನನ್ನನ್ನು ನೋಡುತ್ತಾರೆ. ಗ್ಯಾಸ್ ಸಿಲಿಂಡರ್ ತರುವವನು ಅದು ಯಾವ ದೇಶದ ಮ್ಯಾಪ್ ಎಂದು ಕೇಳಿದ. ಎದುರು ಮನೆಯ ನಿವೃತ್ತ ಬ್ಯಾಂಕಿನವರು ಕನ್ನಡಕ ಏರಿಸಿ, ಇಳಿಸಿ, "ನಿಮ್ಮ ಎಕ್ಸ್‌ರೇಯಾ ಟೀಚರೆ?" ಎಂದು ಕನಿಕರದಿಂದ ವಿಚಾರಿಸಿದರು. ನಾನು ಎಲ್ಲರಿಗೂ ಕೊಡುವುದು ಒಂದೇ ಉತ್ತರ. "ಅದು ನಾನು ಮತ್ತೆ ನಮ್ಮ ಅಕ್ಕ." ಹಾಗೆಂದ ಮೇಲೆ ಯಾರೂ ಮುಂದೆ ಕೇಳುವುದಿಲ್ಲ, ಕಾಫಿ ಕುಡಿದು ಸ್ವಲ್ಪ ಬೇಗನೇ ಹೊರಡುತ್ತಾರೆ.

ನಿಜಕ್ಕೂ ಅದು ನಾವಿಬ್ಬರೇ. ಈಗ ಅದರಲ್ಲಿ ಮುಖವಿಲ್ಲ, ಕೈಕಾಲಿಲ್ಲ. ಕಂದು ಬಣ್ಣದ ನಾಲ್ಕೈದು ತೇಪೆ, ನಡುವೆ ಬೂದು ಗೆರೆಗಳು, ಒಂದು ಬದಿಯಲ್ಲಿ ರಿಬ್ಬನ್ನಿನ ತುದಿಯಂಥದ್ದೇನೋ. ಅದಕ್ಕೆ ಈ ಗತಿ ಹೇಗೆ ಬಂತು ಎಂದು ಹೇಳಬೇಕಾದರೆ ಒಂದು ಸಿನಿಮಾದ ವಿಷಯ ಹೇಳಬೇಕು, ನನ್ನ ಒಣ ಪ್ರತಿಷ್ಠೆಯ ವಿಷಯವನ್ನೂ ಹೇಳಬೇಕು. ಎರಡನೆಯದು ಉದ್ದ ಇದೆ. ಹಾಗಾಗಿ ಮೊದಲು ಸಿನಿಮಾ ಮುಗಿಸಿಬಿಡುತ್ತೇನೆ.

ಹದಿನಾಲ್ಕು ನಿಮಿಷದ ಸಿನಿಮಾ. ಕುಂದಾಪುರದ ಒಂದು ಶಾಲೆಯ ಸಭಾಂಗಣದಲ್ಲಿ ತೋರಿಸಿದರು. ಕಥೆಯಿಲ್ಲ, ಹಾಡಿಲ್ಲ, ಮಾತೂ ಇಲ್ಲ. ಮಳೆಯ ಸದ್ದು, ಕಪ್ಪೆಯ ಸದ್ದು, ಕೆಸರಿನಲ್ಲಿ ಕಾಲು ಕಿತ್ತಿಡುವಾಗ ಬರುವ ಸದ್ದು. ಪರದೆಯ ತುಂಬ ಹಳೆಯ ಕಪ್ಪು ಬಿಳುಪು ಪಟಗಳು. ಯಾರದೋ ಅಜ್ಜ, ಯಾರದೋ ಮದುವೆ. ಒಂದೊಂದೂ ನಿಧಾನವಾಗಿ ಬೂಷ್ಟು ಹಿಡಿಯುತ್ತದೆ, ಬಿರಿಯುತ್ತದೆ, ಅದರ ಮೇಲೆ ಎರೆಹುಳ ಹರಿಯುತ್ತದೆ. ನನ್ನ ಹಿಂದೆ ಕುಳಿತವರೊಬ್ಬರು ಎಷ್ಟೋ ಹೊತ್ತು ಕಾದು, "ಹೀರೋ ಯಾವಾಗ ಬಪ್ದಂಬ್ರ್?" ಎಂದು ಹೆಂಡತಿಯನ್ನು ಕೇಳಿದರು. "ಸುಮ್ನೆ ಕೂಕಣಿ, ಈಗ ಬಂದದ್ದೇ ಹೀರೋ ಆಯ್ಕ್" ಎಂದರು ಆಕೆ, ಎರೆಹುಳ ತೋರಿಸಿ. ದೀಪ ಹಾಕಿದಾಗ ಅರ್ಧ ಜನ ಚಪ್ಪಾಳೆ ತಟ್ಟಿದರು, ಉಳಿದವರು ಮುಗಿಯಿತೋ ಇಲ್ಲವೋ ಎಂದು ಅಕ್ಕಪಕ್ಕ ನೋಡಿದರು.

ಇದನ್ನು ಮಾಡಿದವಳು ಶಿರೂರಿನ ಶರಣ್ಯ. ಅವಳ ಅಮ್ಮ ವಸಂತಿ ಹೈಸ್ಕೂಲಿನಲ್ಲಿ ನನ್ನ ವಿದ್ಯಾರ್ಥಿನಿಯಾಗಿದ್ದವಳು. ಅಮೀಬಾದ ಚಿತ್ರ ಬರೆ ಎಂದರೆ ನೀರ್‌ದೋಸೆ ಬರೆಯುತ್ತಿದ್ದಳು, ತೂತು ಸಮೇತ. ಈಗ ಮೀನಿನ ವ್ಯಾಪಾರ ಮಾಡುತ್ತಾಳೆ, ಆಳುಕಾಳು ಇಟ್ಟುಕೊಂಡು ಗಟ್ಟಿಯಾಗಿದ್ದಾಳೆ. ಮಗಳು ಕ್ಯಾಮರಾ ಹಿಡಿದು ಹೊಳೆ, ಹಾಡಿ, ಗದ್ದೆ ಎಂದು ತಿರುಗುವುದು ಅವಳಿಗೆ ಸ್ವಲ್ಪ ಹೆಮ್ಮೆ, ಸ್ವಲ್ಪ ತಲೆಬಿಸಿ. ಶರಣ್ಯ ಮೊದಲು ಕೈಹಾಕಿದ್ದು ತನ್ನ ಸ್ವಂತ ಅಜ್ಜಿಯ ಪಟಕ್ಕೆ. ಅದನ್ನು ಬಲೆಯ ತುಂಡಿನಲ್ಲಿ ಕಟ್ಟಿ ಅಳಿವೆಯ ಉಪ್ಪುನೀರಿಗೆ ಇಳಿಬಿಟ್ಟಿದ್ದಳು. ತಿಂಗಳು ಬಿಟ್ಟು ಎತ್ತಿದರೆ ಅಜ್ಜಿಯ ಒಂದು ಭುಜ ಏಡಿಯ ಪಾಲಾಗಿತ್ತು. "ಅವ್ರ್ ಬದ್ಕಿರೋವರಿಗೆ ಏಡಿ ತಿಂದ್ರ್ ಟೀಚರೆ. ಈಗ ಏಡಿದ್ ಸರದಿ" ಎಂದು ವಸಂತಿ ನನಗೆ ಫೋನಿನಲ್ಲಿ ಹೇಳಿ ನಕ್ಕಿದ್ದಳು.

ಇನ್ನು ನನ್ನ ಪ್ರತಿಷ್ಠೆಯ ವಿಷಯ.

ನಾನು ಮೂವತ್ತು ವರ್ಷಕ್ಕಿಂತ ಹೆಚ್ಚು ಕಾಲ ವಿಜ್ಞಾನ ಕಲಿಸಿದವಳು. ಜಲಜ ಟೀಚರ್ ಎಂದರೆ ದೇವರಿಗೂ ಹೆದರುವುದಿಲ್ಲ, ದೆವ್ವಕ್ಕೂ ಹೆದರುವುದಿಲ್ಲ ಎಂದು ಊರಲ್ಲಿ ಹೆಸರು. ಆ ಹೆಸರು ಬಂದದ್ದು ಒಂದು ಲಿಂಬೆಹಣ್ಣಿನಿಂದ. ಒಂದು ಬೆಳಿಗ್ಗೆ ಶಾಲೆಯ ಗೇಟಿನಲ್ಲಿ ಯಾರೋ ಕುಂಕುಮ ಬಳಿದ ಲಿಂಬೆಹಣ್ಣು ಇಟ್ಟಿದ್ದರು. ಮಕ್ಕಳೆಲ್ಲ ರಸ್ತೆಯಲ್ಲೇ ನಿಂತಿದ್ದವು, ಒಳಗೆ ಕಾಲಿಡಲು ಯಾರೂ ತಯಾರಿಲ್ಲ. ಹೆಡ್‌ಮಾಸ್ಟ್ರು ಕಾಂಪೌಂಡಿನಾಚೆಯಿಂದ "ಎಂತ ಮಾಡುದ್ ಟೀಚರೆ?" ಎಂದು ನನ್ನನ್ನೇ ಕೇಳಿದರು. ನಾನು ಹಣ್ಣನ್ನು ಎತ್ತಿ, ತೊಳೆದು, ಕೊಯ್ದು, ಮಕ್ಕಳೆದುರು ಪಾನಕ ಮಾಡಿ ಗಟಗಟ ಕುಡಿದೆ. ಏನು ಚಪ್ಪಾಳೆ ಅಂತೀರಿ! ಆ ರಾತ್ರಿಯಿಂದ ಎರಡು ದಿನ ಹೊಟ್ಟೆ ಕೆಟ್ಟು ಹಾಸಿಗೆ ಹಿಡಿದೆ. ಹಿಂದಿನ ದಿನ ತಿಂದ ಹಳಸಲು ಗೋಳಿಬಜೆಯೇ ಅದಕ್ಕೆ ಕಾರಣ ಎಂದು ಆಗಲೂ ಹೇಳಿದ್ದೆ, ಈಗಲೂ ಹೇಳುತ್ತೇನೆ. ಊರವರು ಮಾತ್ರ ನಂಬಲಿಲ್ಲ. ಅಕ್ಕ ಗಂಜಿ ಮತ್ತು ಮಿಡಿ ಉಪ್ಪಿನಕಾಯಿ ಹಿಡಿದುಕೊಂಡು ಬಿಜೂರಿನಿಂದ ಬಂದು, ಒಂದು ಮಾತೂ ಆಡದೆ ನನ್ನ ಮುಖವನ್ನೇ ನೋಡುತ್ತ ಕುಳಿತಿದ್ದಳು. ಬೈದಿದ್ದರೆ ವಾಸಿ ಇತ್ತು.

ಅಕ್ಕನ ಹೆಸರು ಗುಲಾಬಿ. ನನಗಿಂತ ಮೂರು ವರ್ಷ ದೊಡ್ಡವಳು. ನಾವು ಹುಟ್ಟಿದ ಬಿಜೂರಿನ ಮನೆಯಲ್ಲೇ ಇದ್ದಾಳೆ. ಗದ್ದೆ, ತೆಂಗು, ಮಗ, ಸೊಸೆ ಸುಮಾ, ಎರಡು ದನ, ಎಲ್ಲವನ್ನೂ ಏಕಕಾಲದಲ್ಲಿ ಗದರಿಸುತ್ತ. ಶಾಲೆಗೆ ಹೋದದ್ದು ಏಳನೆಯವರೆಗೆ. ನಾನು ಮುಂದೆ ಓದಿದ್ದೇ ಅವಳು ನಿಂತದ್ದರಿಂದ. ಇದನ್ನು ಅವಳು ಒಮ್ಮೆಯೂ ಆಡಿ ತೋರಿಸಿದವಳಲ್ಲ. ನಾನೂ ಒಮ್ಮೆಯೂ ಬಾಯಿಬಿಟ್ಟು ಹೇಳಿದವಳಲ್ಲ. ನನಗೆ ಅಕ್ಕನ ಹತ್ತಿರ ಎಲ್ಲ ಹೇಳುವ ಅಭ್ಯಾಸವೇ ಇಲ್ಲ. ಸುಮ್ಮನೆ ಅವಳಿಗೆ ತಲೆಬಿಸಿ ಯಾಕೆ ಎಂದುಕೊಳ್ಳುತ್ತೇನೆ. ಹಾಗೆಂದುಕೊಳ್ಳುವುದು ಪ್ರೀತಿ ಎಂದೇ ನಾನು ಬಹಳ ವರ್ಷ ತಿಳಿದಿದ್ದೆ.

ಆ ಪಟ ತೆಗೆಸಿದ್ದು ಅಪ್ಪನಿಗಾಗಿ. ಅಪ್ಪ ಬೊಂಬಾಯಿಯ ಹೋಟೆಲಿನಲ್ಲಿ ಕೆಲಸಕ್ಕಿದ್ದರು. ಮಕ್ಕಳನ್ನು ಕಾಣದೆ ಎರಡು ವರ್ಷವಾಯಿತು, ಒಂದು ಪಟ ಕಳಿಸಿ ಎಂದು ಕಾಗದ ಬರೆದರು. ಅಮ್ಮ ಒಂದೇ ತಾನಿನ ಬಟ್ಟೆಯಲ್ಲಿ ಇಬ್ಬರಿಗೂ ಫ್ರಾಕು ಹೊಲಿಸಿ, ಮುಖಕ್ಕೆ ಇಡ್ಲಿಹಿಟ್ಟಿನಷ್ಟು ದಪ್ಪ ಪೌಡರು ಬಳಿದು, ಕುಂದಾಪುರದ ಸ್ಟುಡಿಯೋಕ್ಕೆ ಕರೆದುಕೊಂಡು ಹೋದರು. ಅಲ್ಲಿ ಗೋಡೆಗೆ ಪರದೆ, ಪರದೆಯಲ್ಲಿ ಸರೋವರ, ಸರೋವರದಲ್ಲಿ ಎರಡು ಹಂಸ. ಹಂಸಗಳನ್ನು ಮುಟ್ಟಿ ನೋಡಲು ಹೋಗಿ ನಾನು ಪರದೆಯನ್ನೇ ಎಳೆದೆ. ಸ್ಟುಡಿಯೋದವರು ಗದರಿದರು, ಅಕ್ಕ ನನ್ನ ಕೈಯನ್ನು ಬಿಗಿಯಾಗಿ ಹಿಡಿದುಕೊಂಡಳು. "ಕಣ್ಣ್ ಪಿಳುಕ್ಸುಕಾಗ" ಎಂದು ಅವರು ಹೇಳಿದ್ದೇ ತಡ, ಪಿಳುಕಿಸದಿರುವ ಪ್ರಯತ್ನದಲ್ಲಿ ನಾನು ಎರಡೂ ಕಣ್ಣು ಗಟ್ಟಿಯಾಗಿ ಮುಚ್ಚಿಬಿಟ್ಟೆ. ಅಲ್ಲಿಂದ ಮುಂದೆ ಆ ಪಟದಲ್ಲಿ ನಾನು ಕಣ್ಣು ಬಿಡಲೇ ಇಲ್ಲ.

ಅಪ್ಪ ಅದನ್ನು ಹೋಟೆಲಿನ ಅಡುಗೆಕೋಣೆಯ ಗೋಡೆಗೆ ಸಿಕ್ಕಿಸಿದ್ದರಂತೆ. ಊರಿಗೆ ವಾಪಸು ಬರುವಾಗ ಪೆಟ್ಟಿಗೆಯ ಅಡಿಯಲ್ಲಿ ಇಟ್ಟು ತಂದರು. ಅಂಚಿನಲ್ಲಿ ಎಣ್ಣೆಯ ಕಲೆ, ಹಿಂಬದಿಯಲ್ಲಿ ಮಸಿ. ಆಮೇಲೆ ಅಮ್ಮ ಅದನ್ನು ನನ್ನ ಕೈಗೆ ಕೊಟ್ಟದ್ದು ನನ್ನ ಮನೆಯಲ್ಲಿ ಗಾಜಿನ ಕಪಾಟು ಇತ್ತು ಎಂಬ ಒಂದೇ ಕಾರಣಕ್ಕೆ. ನಮ್ಮಿಬ್ಬರ ಬಾಲ್ಯದ ಪಟ ಎಂದಿರುವುದು ಅದೊಂದೇ.

ಹೋದ ವರ್ಷ ಮೇ ತಿಂಗಳ ಕೊನೆಗೆ ಒಂದು ಮಧ್ಯಾಹ್ನ ಶರಣ್ಯ ಸ್ಕೂಟರಿನಲ್ಲಿ ಬಂದಳು. ಪುನರ್ಪುಳಿ ಶರಬತ್ತು ಕುಡಿದು, ಲೋಟ ಕೆಳಗಿಟ್ಟು, "ಟೀಚರೆ, ನಂಗೊಂದ್ ಹಳೇ ಪಟ ಬೇಕಿತ್" ಎಂದಳು.

"ಎಂತಕೆ?"

"ಹುಗಿಯುಕೆ."

ಒಂದು ಮಳೆಗಾಲವಿಡೀ ಪಟಗಳನ್ನು ಮಣ್ಣಿನಲ್ಲಿ, ಮರಳಿನಲ್ಲಿ, ನೀರಿನಲ್ಲಿ ಇಡುವುದು. ಮಳೆ ಕಳೆದ ಮೇಲೆ ತೆಗೆದು ಏನಾಗಿದೆ ಎಂದು ಚಿತ್ರೀಕರಿಸುವುದು. ಇದು ಅವಳ ಯೋಜನೆ. "ನೆನಪ್ ಅಂದ್ರೆ ನಮ್ಮ್ ತಲಿಯೊಳ್ಗೆ ಮಾತ್ರ ಇಪ್ದಾ ಟೀಚರೆ? ಮಣ್ಣಿಗೂ ಇರತ್ತ್ ಕಾಂತ್. ನಾವ್ ಕೊಟ್ಟದ್ದನ್ ಅದ್ ಹ್ಯಾಂಗ್ ಇಟ್ಕಣತ್ತ್ ಅಂದೇಳಿ ಕಾಣ್ಕ್ ನಂಗೆ" ಎಂದಳು.

ಬೇರೆಯವರಾದರೆ ಹುಡುಗಿಗೆ ಬಿಸಿಲು ತಾಗಿದೆ ಎನ್ನುತ್ತಿದ್ದರು. ನನಗೆ ಮಾತ್ರ ಎದೆಯುಬ್ಬಿತು. ನಿವೃತ್ತಿಯಾಗಿ ಆರು ವರ್ಷ, ಪಾಠ ಕೇಳುವವರೇ ಇಲ್ಲ. ಮನೆಗೇ ಒಬ್ಬಳು ಬಂದು ಕುಳಿತಿದ್ದಾಳೆ! ಹಳೆಯ ಪಟದ ಮೇಲ್ಪದರ ಜೆಲಾಟಿನ್ನಿನದು, ಬ್ಯಾಕ್ಟೀರಿಯಾಗಳಿಗೆ ಅದೆಂದರೆ ಮದುವೆಯೂಟ, ಮೊದಲ ಪಂಕ್ತಿಗೆ ಯಾರು ಕೂರುತ್ತಾರೆ, ಶಿಲೀಂಧ್ರ ಯಾವಾಗ ಬರುತ್ತದೆ ಎಂದು ಮುಕ್ಕಾಲು ಗಂಟೆ ಕೊರೆದೆ. ಕೊರೆಯುವ ಉಮೇದಿನಲ್ಲೇ ಎದ್ದು ಹೋಗಿ ಕಪಾಟಿನಿಂದ ಆ ಪಟ ತೆಗೆದು ಅವಳ ಕೈಯಲ್ಲಿಟ್ಟೆ. ನಮ್ಮ ಬಿಜೂರಿನ ಗದ್ದೆಯಲ್ಲೇ ಹೂಳು ಎಂದೆ.

ಶರಣ್ಯ ಪಟವನ್ನು ತುಂಬ ಹೊತ್ತು ನೋಡಿದಳು. "ಅಕ್ಕನತ್ರ ಒಂದ್ ಮಾತ್ ಕೇಣ್ಕಾ ಟೀಚರೆ?"

"ಅದೆಂತಕೆ? ಇದ್ ನಂದೇ" ಎಂದೆ.

ಎಷ್ಟು ಸಲೀಸಾಗಿ ಬಂತು ಆ ಮಾತು! ಈಗ ನೆನೆದರೆ ನಾಚಿಕೆಯಾಗುತ್ತದೆ. ಪಟದಲ್ಲಿ ಕಣ್ಣು ಬಿಟ್ಟು ನಿಂತವಳು ಅವಳು, ಗದ್ದೆ ಅವಳದ್ದು, ಮಾತು ಮಾತ್ರ ನನ್ನದು. ಹುಗಿಯುವ ಮೊದಲು ಶರಣ್ಯ ಅದನ್ನು ಸ್ಕ್ಯಾನ್ ಮಾಡಿಟ್ಟಿದ್ದಳು, ನನ್ನ ಮೊಬೈಲಿಗೂ ಕಳಿಸಿದ್ದಳು, ಅದೇ ಒಂದು ಧೈರ್ಯ. ಆದರೆ ಮೊಬೈಲಿನ ಪಟಕ್ಕೆ ಬೆರಳು ತಾಗಿಸಿದರೆ ದೊಡ್ಡದಾಗುತ್ತದೆ, ಅಷ್ಟೇ. ಅಪ್ಪನ ಹೋಟೆಲಿನ ಎಣ್ಣೆಯ ಕಲೆ ಕೈಗೆ ಸಿಗುವುದಿಲ್ಲ.

ಅಕ್ಕನ ಮನೆಯವರೆಲ್ಲ ಸಿದ್ದಾಪುರಕ್ಕೆ ಮದುವೆಗೆ ಹೋದ ದಿನವೇ ನಾವು ಹೋದದ್ದು. ಕದ್ದು ಹೋದದ್ದಲ್ಲ, ಆ ದಿನ ಶರಣ್ಯನಿಗೆ ಪುರಸೊತ್ತಿತ್ತು ಎಂದು ನನ್ನನ್ನು ನಾನೇ ನಂಬಿಸಿಕೊಂಡಿದ್ದೆ. ಟಿಲ್ಲರು ತಿರುಗದ ಒಂದು ಮೂಲೆ ಹುಡುಕಿ, ಮೊಣಕೈ ಆಳ ಅಗೆದು, ಎರಡು ಹಂಚಿನ ಚೂರುಗಳ ನಡುವೆ ಪಟ ಇಟ್ಟು ಮಣ್ಣು ಮುಚ್ಚಿದೆವು. ಗುರುತಿಗೆ ಒಂದು ಗೂಟ. ಗೂಟಕ್ಕೆ ಶರಣ್ಯ ತನ್ನ ಚೀಲದಿಂದ ಕೆಂಪು ನೂಲು ತೆಗೆದು ಸುತ್ತಿದಳು. ಕೊಡೆ ಹಿಡಿದು ನಿಂತಿದ್ದ ನಾನು, ಕೆಂಪು ಒಳ್ಳೆಯದೇ, ದೂರಕ್ಕೆ ಕಾಣುತ್ತದೆ ಎಂದು ಬೆಳಕಿನ ತರಂಗಾಂತರದ ಬಗ್ಗೆ ಒಂದು ಸಣ್ಣ ಪಾಠ ಮಾಡಿದೆ. ಗದ್ದೆಯ ಮೂಲೆ, ಹುಗಿದ ಹೆಣ್ಣುಮಕ್ಕಳ ಪಟ, ಮೇಲೆ ಕೆಂಪು ನೂಲು. ನಮ್ಮ ಕಡೆ ಇದನ್ನು ಏನೆನ್ನುತ್ತಾರೆ ಎಂದು ಎಲ್‌ಕೆಜಿ ಮಗುವಿಗೂ ಗೊತ್ತು. ಜಲಜ ಟೀಚರಿಗೆ ಹೊಳೆಯಲಿಲ್ಲ.

ಜುಲೈಯಲ್ಲಿ ಒಂದು ಸಂಜೆ ಅಕ್ಕನ ಫೋನು ಬಂತು. ಅವಳು ಫೋನು ಮಾಡುವುದು ಭಾನುವಾರ ಮಾತ್ರ. ಅಂದು ಬುಧವಾರ, ಭತ್ತದ ನಾಟಿಯ ಸಮಯ.

"ನಟ್ಟಿ ಮುಗೀತಾ ಅಕ್ಕ?"

"ಇನ್ನೂ ಇತ್ತ್. ಗೆದ್ದಿ ಮೂಲಿಯಗೆ ಗೂಟ ಕಂಡ್ ಅಗ್ದ್ರೆ ಒಂದ್ ಪಟ ಸಿಕ್ಕಿತ್ ಮಾರಾಯ್ತಿ. ಎರ್ಡ್ ಹೆಣ್ಮಕ್ಕಳ್ದ್. ಗೂಟಕ್ಕೆ ಕೆಂಪ್ ನೂಲ್ ಸುತ್ತಿರ್. ನಟ್ಟಿ ಹೆಂಗಸ್ರೆಲ್ಲ ಇದ್ ಮಾಟವೇ ಅಂತ್ರ್. ನೀ ಎಂತ ಹೇಳ್ತೆ?"

ಎರಡು ಹೆಣ್ಣುಮಕ್ಕಳದ್ದು ಎಂದಳೇ ಹೊರತು ಯಾರದ್ದು ಎನ್ನಲಿಲ್ಲ. ಕೆಸರು ಮೆತ್ತಿಕೊಂಡಿರಬೇಕು, ಅಕ್ಕನಿಗೆ ಗುರುತು ಸಿಕ್ಕಿಲ್ಲ ಎಂದು ನನ್ನ ಎದೆ ಹಗುರವಾಯಿತು. ಆಗಲೇ "ಅಕ್ಕ, ಅದು ನಾನು" ಎಂದಿದ್ದರೆ ಎರಡು ನಿಮಿಷದಲ್ಲಿ ಮುಗಿಯುತ್ತಿತ್ತು. ಆದರೆ ಲಿಂಬೆಹಣ್ಣು ಕುಡಿದ ಜಲಜ ಟೀಚರು ಅಕ್ಕನ ಗದ್ದೆಯಲ್ಲಿ ಪಟ ಹುಗಿದಳು ಎಂದು ಬಿಜೂರಿನಿಂದ ಬೈಂದೂರಿನವರೆಗೆ ಸುದ್ದಿಯಾದರೆ ಏನು ಗತಿ? ನಾನು ಗಂಟಲು ಸರಿಮಾಡಿಕೊಂಡು, ಮಾಟ ಎಂಬುದೇ ಇಲ್ಲ, ಅದೆಲ್ಲ ಮನಸ್ಸಿನ ಭ್ರಮೆ, ಓದಿದವರ ಮನೆಯಲ್ಲಿ ಇಂಥ ಮಾತು ಬರಬಾರದು ಎಂದು ಭಾಷಣ ಮಾಡಿದೆ. ಅಕ್ಕ ಪೂರ್ತಿ ಕೇಳಿದಳು.

"ಹೌದಾ" ಎಂದಳು. "ಮತ್ತೆಂತ ಇಲ್ಯಾ?"

"ಇಲ್ಲೆ."

"ಹಂಗಾರೆ ಇಡ್ತೆ."

ಮರುದಿನವೂ ಫೋನು ಬಂತು. ಅದರ ಮರುದಿನವೂ. ಮಳೆ ಹೇಗಿದೆ ಎಂದು ಕೇಳುತ್ತಿದ್ದಳು, ಆಮೇಲೆ "ಮತ್ತೆಂತ ಇಲ್ಯಾ?" ಎನ್ನುತ್ತಿದ್ದಳು. ಒಂದು ದಿನ "ಊಟ ಸಮ ಸೇರ್ತಾ?" ಎಂದಳು, ಇನ್ನೊಂದು ದಿನ "ನಿದ್ರಿ ಬತ್ತಾ?" ನನಗೆ ಪೊಲೀಸು ವಿಚಾರಣೆಯಂತೆ ಅನಿಸತೊಡಗಿತು. ಗೊತ್ತಾಗಿದೆಯೋ ಇಲ್ಲವೋ? ಗೊತ್ತಾಗಿದ್ದರೆ ಬೈಯಬಾರದೇ? ಮುಚ್ಚಿಟ್ಟದ್ದು ದಿನ ಕಳೆದಷ್ಟೂ ದಪ್ಪವಾಗುತ್ತದೆ. ಮೊದಲ ದಿನ ಹೇಳದೆ ಇದ್ದದ್ದಕ್ಕೆ ಕಾರಣ ಕೊಡಬೇಕಾಗಿರಲಿಲ್ಲ, ಆರನೆಯ ದಿನ ಕೊಡಬೇಕಾಗುತ್ತದೆ; ಆರನೆಯ ದಿನವೂ ಹೇಳದಿದ್ದರೆ ಆಮೇಲೆ ಯಾವ ಕಾರಣವೂ ಸಾಲುವುದಿಲ್ಲ. ಅಕ್ಕನ ಫೋನು ರಿಂಗಾದರೆ ನನ್ನ ಕೈ ಹಿಂದೆಗೆಯುತ್ತಿತ್ತು. ನಮ್ಮಿಬ್ಬರ ನಡುವೆ ಯಾವತ್ತೂ ಹಾಗೆ ಆದದ್ದಿಲ್ಲ. ಒಂದು ಪಟ ಹೋದರೆ ಹೋಗಲಿ, ಅಕ್ಕನೇ ಕೈತಪ್ಪಿ ಹೋಗುತ್ತಿದ್ದಾಳೋ ಎಂದು ನನಗೆ ನಿಜಕ್ಕೂ ಹೆದರಿಕೆಯಾಯಿತು. ಆದರೂ ಬಾಯಿ ಬರಲಿಲ್ಲ.

ಹನ್ನೊಂದನೆಯ ದಿನ ಬೆಳಿಗ್ಗೆ ಶರಣ್ಯನ ಫೋನು. ಗೂಟ ಮಳೆಗೆ ಬಿದ್ದಿದೆಯೋ ಎಂದು ನೋಡಲು ಬಿಜೂರಿಗೆ ಹೋಗಿದ್ದಳಂತೆ. "ಟೀಚರೆ, ಗೂಟದ ಬುಡದಗೆ ಯಾರೋ ಹಂಚಿನ್ ಮೇಲೆ ದಾಸಾಳ ಹೂ ಇಟ್ಟಿರ್! ಬಾಡಿದ್ದ್ ಕೆಳ್ಗೆ, ಇವತ್ತಿಂದ್ ಮೇಲೆ. ದಿನಾ ಇಡ್ತ್ರ್ ಕಾಂತ್. ನಾ ಶೂಟ್ ಮಾಡ್ಕಂಡೆ."

ದಾಸವಾಳದ ಗಿಡ ಇರುವುದು ಅಕ್ಕನ ಬಾವಿಕಟ್ಟೆಯ ಪಕ್ಕ. ನಾನು ಚಪ್ಪಲಿ ಮೆಟ್ಟಿ ಬಸ್‌ಸ್ಟ್ಯಾಂಡಿಗೆ ನಡೆದೆ. ಕುಂದಾಪುರದಲ್ಲಿ ಬಸ್ಸು ಬದಲಿಸಿದೆ. ದಾರಿಯುದ್ದಕ್ಕೂ ಹೊಳೆಗಳೆಲ್ಲ ಕೆಂಪಾಗಿ ತುಂಬಿ ಹರಿಯುತ್ತಿದ್ದವು, ನಾನು ಕಿಟಕಿಗೆ ಹಣೆ ಆನಿಸಿ ಹೇಳಬೇಕಾದ ಮಾತನ್ನು ಉರು ಹೊಡೆಯುತ್ತಿದ್ದೆ. ಮೂವತ್ತು ವರ್ಷ ಮಕ್ಕಳಿಗೆ ಉರು ಹೊಡೆಯಬೇಡಿ ಎಂದವಳು. ಕಂಡಕ್ಟರು, "ಹ್ವಾಯ್ ಅಮ್ಮ, ಬಿಜೂರ್ ಬಂತ್, ಇಳಿತ್ರಿಯೋ ಇಲ್ಯೋ?" ಎಂದು ಕೂಗಿದ ಮೇಲೆಯೇ ಎಚ್ಚರ.

ಮನೆಯಲ್ಲಿ ಸುಮಾ ಒಬ್ಬಳೇ ಇದ್ದಳು. ಕಾಲು ತೊಳೆಯಲು ನೀರು ಕೊಡುತ್ತ ದನಿ ತಗ್ಗಿಸಿದಳು. "ಚಿಕ್ಕಮ್ಮ, ನೀವಾರೂ ಕೇಣಿ. ಅತ್ತೆ ಮೀನ್ ಬಿಟ್ಟ್ ಹನ್ನೊಂದ್ ದಿನ ಆಯ್ತ್. ಒಪ್ಪೊತ್ತ್ ಗಂಜಿ, ಅಷ್ಟೇ. ಎಂತಕೆ ಕೇಂಡ್ರೆ ಬೈತ್ರ್."

ಅಕ್ಕ ಮೀನು ಬಿಟ್ಟಿದ್ದಾಳೆ! ಮೈಮೇಲೆ ಜ್ವರ ಏರಿದಾಗಲೂ ಒಣಮೀನು ಸುಟ್ಟು ಕೊಡು ಎನ್ನುವ ಅಕ್ಕ. ನಾನು ಹೆಚ್ಚು ಕೇಳದೆ ಗದ್ದೆಗೆ ಇಳಿದೆ.

ಅಕ್ಕ ಗದ್ದೆಯಂಚಿನಲ್ಲಿ ಕುಳಿತಿದ್ದಳು, ಬೆನ್ನಿಗೆ ಮಳೆಗೆ ಹೊದೆಯುವ ಪ್ಲಾಸ್ಟಿಕ್ ಕೊಪ್ಪೆ. ನನ್ನನ್ನು ಕಂಡು ಆಶ್ಚರ್ಯಪಡಲಿಲ್ಲ. "ಬಂದ್ಯಾ. ಕೂಕೋ" ಎಂದಳು. ಮಳೆ ಆಗಷ್ಟೇ ನಿಂತಿತ್ತು. ಎದುರಿಗೆ ಹೊಸ ನಟ್ಟಿಯ ಗದ್ದೆ, ಸಾಲು ಸಾಲು ಹಸುರು. ಮೂಲೆಯಲ್ಲಿ ಮಾತ್ರ ಅಕ್ಕಿ ಕೇರುವ ಗೆರಸೆಯಷ್ಟು ಅಗಲದ ಜಾಗ ಖಾಲಿ ಬಿಟ್ಟಿತ್ತು. ಅದರ ನಡುವೆ ಗೂಟ, ಹಂಚು, ಕೆಂಪು ಹೂ.

"ಅಕ್ಕ, ಆ ಪಟ..." ಎಂದೆ. ಬಸ್ಸಿನಲ್ಲಿ ಉರು ಹೊಡೆದದ್ದೆಲ್ಲ ಅಷ್ಟಕ್ಕೇ ಮುಗಿಯಿತು.

"ಗೊತ್ತಿತ್. ಕಣ್ಣ್ ಮುಚ್ಕಂಡ್ ನಿಂತದ್ದ್ ನೀನಲ್ದೆ ಮತ್ಯಾರ್? ಅದ್ ಇಪ್ದೂ ನಿನ್ನ್ ಕಪಾಟಗೆ." ಅಕ್ಕ ನನ್ನ ಕಡೆ ತಿರುಗಲಿಲ್ಲ. "ಹೆಂಗಸ್ರ್ ಬಾಯ್ ಮುಚ್ಚುಕೆ, ಅದ್ ನಾನೇ ಹುಗ್ದದ್, ನಂದೊಂದ್ ಹರ್ಕಿ ಅಂದೆ. ವಾಪಸ್ ಅಲ್ಲೇ ಹುಗ್ದೆ. ಅದ್ ಹೋಯ್ಲಿ. ಡಾಕ್ಟ್ರ್ ಎಂತ ಅಂದ್ರ್? ಇದ್ದದ್ ಇದ್ದಂಗ್ ಹೇಳ್. ನಂಗ್ ಧೈರ್ಯ ಇತ್ತ್."

"ಯಾವ ಡಾಕ್ಟ್ರ್?"

"ಮಳಿ ಹಿಡುಕೂ ಮುಂಚೆ ನೀ ದೊಡ್ಡಾಸ್ಪತ್ರಿಗೆ ಹೋಯ್ ಬಂದದ್ ನಂಗೆ ಬಸ್ಸಗೆ ಸಿಕ್ಕಿದವ್ರ್ ಹೇಳಿರ್. ನೀ ಹೇಳ್ಲಿಲ್ಲೆ. ಆಮೇಲೆ ನಾವ್ಯಾರೂ ಇಲ್ಲದ್ ಹೊತ್ತಿಗ್ ಬಂದ್, ಹುಟ್ಟಿದ್ ಮನಿ ಗೆದ್ದಿಯಗೆ ಪಟ ಹುಗ್ದ್ ಹೋದೆ. ಯಾವ್ದೋ ಜೋಯ್ಸ್ರ್ ಹೇಳಿದ್ದಾಯ್ಕ್ ಅಂದೇಳಿ ಗ್ರಹಿಸ್ದೆ. ದೇವ್ರಿಲ್ಲೆ, ದೆವ್ವ ಇಲ್ಲೆ ಅಂಬಳ್ ನೀನ್. ನೀನೇ ಇಂತದ್ದ್ ಮಾಡುಕೆ ಹೊರ್ಟೆ ಅಂದ್ರೆ..."

ಅಕ್ಕ ಅಂಚಿನ ಹುಲ್ಲನ್ನು ಒಂದೊಂದೇ ಎಳೆ ಕೀಳುತ್ತಿದ್ದಳು. ಫೋನಿನಲ್ಲಿ ಊಟ, ನಿದ್ರೆ ಎಂದು ದಿನಾ ಕೇಳಿದ್ದು, ಮತ್ತೇನಿಲ್ಲವೇ ಎಂದು ಕಾದದ್ದು, ಎಲ್ಲ ಯಾತಕ್ಕೆ ಎಂದು ನನಗೆ ಆಗ ಅರ್ಥವಾಯಿತು. ನಾನು ಹೆಸರು ಹೋದೀತೆಂದು ಬಾಯಿ ಮುಚ್ಚಿಕೊಂಡಿದ್ದ ಹನ್ನೊಂದು ದಿನವೂ ಅವಳು ಇಲ್ಲಿ ನನ್ನ ಸಾವನ್ನು ಮಡಿಲಲ್ಲಿಟ್ಟುಕೊಂಡು ಕುಳಿತಿದ್ದಳು.

"ಆಸ್ಪತ್ರಿಗೆ ಹೋದ್ದ್ ಮಂಡಿ ನೋವಿಗೆ ಅಕ್ಕ" ಎಂದೆ. "ಪಟ... ಪಟ ಹುಗ್ದದ್ ಒಂದ್ ಸಿನಿಮಾಕ್ಕೆ."

"ಎಂತಕ್ಕೆ?"

"ಸಿನಿಮಾಕ್ಕೆ. ನಮ್ಮ್ ವಸಂತಿ ಮಗ್ಳ್ ಮಾಡುದ್. ಪಟ ಮಣ್ಣಗೆ ಹ್ಯಾಂಗ್ ಆತ್ತ್ ಅಂದೇಳಿ ಕಾಂಬುಕೆ."

ಅಕ್ಕ ಈಗ ತಿರುಗಿ ನೋಡಿದಳು. ಅವಳ ಮುಖದಲ್ಲಿ ನಗು ಬಂತೋ ಸಿಟ್ಟು ಬಂತೋ ನನಗೆ ಹೇಳಲು ಬರುವುದಿಲ್ಲ. "ಸಿನಿಮಾಕ್ಕಾ! ನಾ ನೀ ಸಾಯ್ತೆ ಅಂದೇಳಿ ಗ್ರಹಿಸಿದ್ನಲೆ!" ಎಂದವಳೇ ಕೆಸರುಗೈಯಲ್ಲಿ ನನ್ನ ಬೆನ್ನಿಗೆ ಬಲವಾಗಿ ಒಂದು ಬಾರಿಸಿದಳು. ಅರವತ್ತಾರು ವರ್ಷದ ನಾನು ಅರವತ್ತೊಂಬತ್ತರ ಅಕ್ಕನ ಕೈಯಲ್ಲಿ ಪೆಟ್ಟು ತಿಂದು, ಗದ್ದೆಯಂಚಿನಲ್ಲಿ ಕುಳಿತು ಸಣ್ಣ ಮಕ್ಕಳಂತೆ ಅತ್ತೆ. ತಪ್ಪಾಯಿತು ಎಂದೆ. ಅವಳು ಸೆರಗಿನಲ್ಲಿ ತನ್ನ ಮುಖ ಒರೆಸಿಕೊಂಡಳು.

ಸ್ವಲ್ಪ ಹೊತ್ತಿನ ಮೇಲೆ ನಾನು, "ಪಟ ತೆಗ್ದ್ ಬಿಡ್ಲಾ?" ಎಂದು ಕೇಳಿದೆ.

"ಬ್ಯಾಡ. ಆ ಹೆಣ್ಣ್ ಆಸೆಯಗೆ ಇಟ್ಟದ್ದಲ್ದಾ. ಇರ್ಲಿ." ಖಾಲಿ ಬಿಟ್ಟ ಜಾಗ ನೋಡುತ್ತ ಹೇಳಿದಳು: "ನಿಂಗೆ ಗುಣ ಆಪುವರಿಗೆ ಅಲ್ಲಿ ಅಲುಗ್ಸುಕಾಗ ಅಂದೇಳಿ ನಾನೇ ನಟ್ಟಿ ಮಾಡ್ಸಿದ್ದಿಲ್ಲೆ."

ಮಾಟ ಇಲ್ಲ, ಮಂತ್ರ ಇಲ್ಲ ಎಂದು ಊರಿಗೆಲ್ಲ ಹೇಳಿದವಳು, ಆ ಗೆರಸೆಯಗಲದ ಬರಿಯ ಕೆಸರಿನ ಕಡೆ ಚಾಚಿದ್ದ ಕಾಲನ್ನು ಮೆಲ್ಲಗೆ ಹಿಂದಕ್ಕೆಳೆದುಕೊಂಡೆ.

ಅಕ್ಕ ಎದ್ದು ನಿಂತಳು. ಮತ್ತೆ ಬಗ್ಗಿ ನನ್ನ ಮುಖವನ್ನು ಹತ್ತಿರದಿಂದ ನೋಡಿದಳು. "ಖರೇ ಹೇಳ್. ನಿಂಗೆಂತ ಇಲ್ಯಲೆ?"

"ಇಲ್ಲೆ ಅಕ್ಕ."

"ನನ್ನ್ ಮೇಲೆ ಆಣಿ?"

ಆಣೆ ಗೀಣೆಯಲ್ಲಿ ನನಗೆ ನಂಬಿಕೆಯಿಲ್ಲ ಎಂದು ಯಾವತ್ತೂ ಹೇಳುವವಳು, ಅವಳ ತಲೆಯ ಮೇಲೆ ಕೈಯಿಟ್ಟು ಆಣೆ ಮಾಡಿದೆ. "ಮಂಡಿ ನೋವ್ ಬಿಟ್ರೆ ಎಂತದೂ ಇಲ್ಲೆ."

ಅಕ್ಕ ನನ್ನ ಕೈಯನ್ನು ತಲೆಯಿಂದ ಇಳಿಸಿ ಒಂದು ಗಳಿಗೆ ಹಾಗೇ ಹಿಡಿದುಕೊಂಡಳು. ಆಮೇಲೆ ಮನೆಯ ಕಡೆ ಮುಖ ಮಾಡಿ, ಒಡೆದ ದನಿಯಲ್ಲಿ, ಇಡೀ ಬೈಲಿಗೆ ಕೇಳುವಂತೆ ಕೂಗಿದಳು: "ಏ ಸುಮಾ! ಮೀನಿನವ್ಳ್ ಹೋಯ್ತಾ ಕಾಣ್! ಓಡ್, ನಿಲ್ಸ್ ಅವ್ಳನ್ನ!"